‘ಲೈಟ್ ಮೈ ಫೈರ್’: ಒಂದು ಹಾಡು, ಎರಡು ಮುದ್ರಿಕೆಗಳು

ಒಂದು ಕೃತಿಯ ನಡುಭಾಗವನ್ನು ಕತ್ತರಿಸಿ ತೆಗೆದು, ಉಳಿದ ತಲೆಯನ್ನೂ ಕಾಲನ್ನೂ ಜೋಡಿಸಿ, ಇದೇ ಆ ಕೃತಿಯೆಂದು ಸಾರಿದರೆ ಸಹೃದಯನು ಒಪ್ಪಬಹುದೇ? ಕಾವ್ಯದ ವಿಷಯದಲ್ಲಿ ಈ ಪ್ರಶ್ನೆಯನ್ನು ಕೇಳುವವರೇ ವಿರಳ. ಉತ್ತರವು ಅಷ್ಟು ಸ್ಪಷ್ಟವಾಗಿರುವುದು. ಆದರೆ ಜನಪ್ರಿಯ ಸಂಗೀತದಲ್ಲಿ ಇಂತಹ ಶಸ್ತ್ರಚಿಕಿತ್ಸೆಯು ನಡೆದು, ರೋಗಿಯು ಸಾಯುವುದಕ್ಕೆ ಬದಲಾಗಿ ಲೋಕವಿಖ್ಯಾತನಾದ ನಿದರ್ಶನವೊಂದುಂಟು. ಅಮೆರಿಕೆಯ ಲಾಸ್ ಏಂಜಲೀಸ್ ನಗರದ ‘ದಿ ಡೋರ್ಸ್’ ಎಂಬ ರಾಕ್ ಗೋಷ್ಠಿಯು ತನ್ನ ಮೊದಲ ಆಲ್ಬಮ್ಮಿನಲ್ಲಿ ಹಾಡಿದ ‘ಲೈಟ್ ಮೈ ಫೈರ್’ ಎಂಬುದೇ ಆ ಹಾಡು.

ಈ ಗೋಷ್ಠಿಯ ಹೆಸರು ಆಲ್ಡಸ್ ಹಕ್ಸ್ಲಿಯ ‘ದಿ ಡೋರ್ಸ್ ಆಫ್ ಪರ್ಸೆಪ್ಷನ್’ ಎಂಬ ಗ್ರಂಥದಿಂದ ಬಂದುದು. ಹಕ್ಸ್ಲಿಗೆ ಅದು ಬ್ಲೇಕ್ ಕವಿಯಿಂದ ದೊರೆತುದು. ಗಾಯಕ ಜಿಮ್ ಮಾರಿಸನ್, ಆರ್ಗನ್ ವಾದಕ ರೇ ಮಂಜಾರೆಕ್, ಗಿಟಾರಿನ ರಾಬಿ ಕ್ರೀಗರ್, ಡ್ರಮ್ಮಿನ ಜಾನ್ ಡೆನ್ಸ್‌ಮೋರ್, ಇವರು ನಾಲ್ವರು. ಆಲ್ಬಮ್ಮಿನ ಧ್ವನಿಮುದ್ರಣವು 1966ರಲ್ಲಿ ನಡೆದು, 1967ರ ಜನವರಿಯಲ್ಲಿ ಅದು ಹೊರಬಂದಿತು. ಅದರಲ್ಲಿ ಈ ಹಾಡಿನ ಅವಧಿ ಏಳು ನಿಮಿಷ. ಅಷ್ಟು ದೀರ್ಘವಾದುದನ್ನು ಅಂದಿನ ರೇಡಿಯೋ ನಿಲಯಗಳು ಸಾಮಾನ್ಯವಾಗಿ ನುಡಿಸಲೊಲ್ಲವು. ಆದುದರಿಂದ ನಿರ್ಮಾಪಕನಾದ ಪಾಲ್ ರಾತ್‌ಚೈಲ್ಡನು ನಡುವಿನ ವಾದ್ಯಭಾಗದ ಬಹ್ವಂಶವನ್ನು ತೆಗೆದುಹಾಕಿ, ಮೂರು ನಿಮಿಷಕ್ಕೂ ಕಡಿಮೆಯ ಬಿಡಿ ಮುದ್ರಿಕೆಯೊಂದನ್ನು ಸಿದ್ಧಪಡಿಸಿದನು. 1967ರ ಜುಲೈ ತಿಂಗಳ ಕೊನೆಯಲ್ಲಿ ಅದು ಅಮೆರಿಕೆಯ ಬಿಲ್‌ಬೋರ್ಡ್ ಪಟ್ಟಿಯ ಪ್ರಥಮಸ್ಥಾನಕ್ಕೇರಿ ಮೂರು ವಾರ ಅಲ್ಲಿ ನಿಂತಿತು. ಅದೇ ಗೋಷ್ಠಿಯ ಮೊದಲ ಬಿಡಿ ಮುದ್ರಿಕೆಯನ್ನು ಕೇಳಿದವರು ಅಲ್ಪಸಂಖ್ಯಾತರು. ಕತ್ತರಿಯಿಲ್ಲದಿದ್ದರೆ ಕೀರ್ತಿಯೂ ಇಲ್ಲವೆಂದು ವಾದಿಸುವವರಿಗೆ ಇದೊಂದು ಬಲವಾದ ಆಧಾರ.

ಈಗ ಸಾಹಿತ್ಯವನ್ನು ನೋಡುವ. ಪಂಚಭೂತಗಳಂತಹ ಮೂಲವಸ್ತುವೊಂದನ್ನು ಕುರಿತು ಬರೆಯಬೇಕೆಂದು ಹೊರಟ ಕ್ರೀಗರನು ಅಗ್ನಿಯನ್ನು ಆರಿಸಿಕೊಂಡನಂತೆ. ಇದು ಆತನ ಮೊದಮೊದಲ ರಚನೆ. ಇರುವುದು ಎರಡೇ ಪದ್ಯ, ಒಂದು ಪಲ್ಲವಿ. ಮೊದಲನೆಯ ಪದ್ಯವು ಕ್ರೀಗರನದು: ಪ್ರಣಯಿಯ ನೇರವಾದ ನಿವೇದನೆ, ಚೆಲುವಾಗಿದೆ, ಆದರೆ ಆಳವಿಲ್ಲ. ಎರಡನೆಯದಕ್ಕೆ ಕೈಹಾಕಿದವನು ಮಾರಿಸನ್. ಇವನು ಶೃಂಗಾರದ ಬೆಂಕಿಯೊಳಕ್ಕೆ ಚಿತೆಯ ಬೆಂಕಿಯನ್ನು ತಂದಿಟ್ಟನು. ಚಿತೆಯೆಂಬ ಆ ಮಾತು ಪ್ರಾಸದ ಹಂಗಿನಿಂದ ಬಂದುದೆಂದು ಮೊದಲು ತೋರುವುದು. (ಆದಿಪ್ರಾಸಕ್ಕೆ ಕಟ್ಟುಬಿದ್ದು ನಮ್ಮ ಕವಿಗಳು ಎಲ್ಲೆಲ್ಲಿ ಅಲೆದಿರುವರೆಂಬುದನ್ನು ಬಲ್ಲ ನಾವು ಈ ತಪ್ಪಿಗೆ ಅತಿಯಾಗಿ ಮುನಿಯಲಾರೆವು.) ಆದರೆ ಪ್ರಾಸವು ಎಳೆತಂದ ಮಾತೇ ಹಾಡಿನ ಭಾರವನ್ನೆಲ್ಲ ಹೊತ್ತಿರುವುದು. ರತಿಯ ಪಕ್ಕದಲ್ಲಿ ಮೃತ್ಯುವು ಬಂದು ಕುಳಿತಾಗ ಮೊದಲ ಪದ್ಯದ ಮುಗ್ಧತೆಗೆ ಏನಾಗಬೇಕು?

ಈ ಪ್ರಶ್ನೆಗೆ ಉತ್ತರವು ಮಾತಿನಲ್ಲಿಲ್ಲ, ವಾದ್ಯದಲ್ಲಿದೆ. ಎರಡು ಪದ್ಯಗಳೂ ಮೊದಲ ಒಂದು ನಿಮಿಷ ಚಿಲ್ಲರೆಯಲ್ಲಿಯೇ ಮುಗಿದುಹೋಗುವುವು. ಬಳಿಕ ನಾಲ್ಕು ನಿಮಿಷಗಳಿಗೂ ಮೀರಿದ ವಾದನ. ಮೊದಲು ಆರ್ಗನ್, ಅನಂತರ ಗಿಟಾರ್. ಕೆಳಗೆ ಎರಡೇ ಸ್ವರಮೇಳಗಳು ತೂಗುಯ್ಯಾಲೆಯಂತೆ ಹೋಗಿ ಬರುತ್ತಿರುವುವು. ಮೇಲೆ ಕಲ್ಪನೆಯ ವಿಹಾರ. ಈ ಮಾದರಿಯನ್ನು ತಾವು ಜಾನ್ ಕೋಲ್ಟ್ರೇನನ ‘ಮೈ ಫೇವರಿಟ್ ಥಿಂಗ್ಸ್’ ವಾದನದಿಂದ ಪಡೆದೆವೆಂದು ಗೋಷ್ಠಿಯವರೇ ಹೇಳಿರುವರು. ಹಾಡಿನ ಆರಂಭದಲ್ಲಿ ಬರುವ, ಬಾಖ್‌ನನ್ನು ನೆನಪಿಗೆ ತರುವ ಆರ್ಗನ್ನಿನ ಸುತ್ತು ಮಂಜಾರೆಕನ ಕೊಡುಗೆ. ವಾದನದಲ್ಲಿ ಎಲ್ಲವೂ ಸಮಾನವಾಗಿ ಉತ್ತಮವೆಂದು ನಾವು ಹೇಳುವುದಿಲ್ಲ. ಆರ್ಗನ್ ತಾನು ಕಂಡುಕೊಂಡ ಬೆಡಗಿನ ತಿರುವುಗಳನ್ನು ಬಿಡಲಾರದೆ ಮತ್ತೆಮತ್ತೆ ಅಲ್ಲಿಗೇ ಮರಳುವುದು. ಗಿಟಾರ್ ಒಮ್ಮೊಮ್ಮೆ ದಾರಿತಪ್ಪಿದಂತೆ ತಡವರಿಸುವುದು. ಆದರೂ ಆ ತಡವರಿಕೆಯ ಕೊನೆಯಲ್ಲಿ ವಾದ್ಯಗಳೆಲ್ಲವೂ ಒಟ್ಟುಗೂಡಿ ಬಡಿದು, ಆರಂಭದ ಸುತ್ತು ಮತ್ತೆ ಕೇಳಿಬಂದಾಗ, ದೂರದೇಶಕ್ಕೆ ಹೋದವನು ತನ್ನ ಮನೆಯ ಬಾಗಿಲನ್ನು ಕಂಡ ಹಾಗಾಗುವುದು.

ಮುಂದಿನದನ್ನು ವಾಚಕರು ಗಮನಿಸಬೇಕು. ಮರಳಿ ಬರುವ ಪದ್ಯಗಳು ಹೊಸವಲ್ಲ, ಹಳೆಯವೇ. ಆದರೆ ಅವುಗಳ ಕ್ರಮವು ತಿರುಗಿದೆ. ಚಿತೆಯ ಪದ್ಯವು ಮೊದಲು, ಮುಗ್ಧ ನಿವೇದನೆಯ ಪದ್ಯವು ಕೊನೆಗೆ. ಮೃತ್ಯುವಿನ ಮಾತನ್ನು ಕೇಳಿದ ಮೇಲೆಯೂ, ಅಷ್ಟು ದೀರ್ಘವಾದ ಅಲೆತವನ್ನು ಕಳೆದ ಮೇಲೆಯೂ, ಪ್ರಣಯಿಯು ತನ್ನ ಮೊದಲ ಮಾತನ್ನೇ ಆಡುವನು. ಅಕ್ಷರವೊಂದೂ ಬದಲಾಗಿಲ್ಲ, ಧ್ವನಿಯು ಸಂಪೂರ್ಣವಾಗಿ ಬೇರೆಯಾಗಿದೆ. ಈಗ ಬಿಡಿ ಮುದ್ರಿಕೆಯನ್ನು ಹಾಕಿ ಕೇಳಿ. ನಡುವಿನ ದಾರಿಯೇ ಇಲ್ಲದುದರಿಂದ ಅದೇ ಪದ್ಯಗಳು ಆಗತಾನೆ ಹೇಳಿದುದನ್ನು ಮತ್ತೊಮ್ಮೆ ಹೇಳಿದಂತೆ ಕೇಳಿಸುವುವು. ರಾತ್‌ಚೈಲ್ಡನ ಕತ್ತರಿಯು ಕಡಿದುದು ಅಲಂಕಾರವನ್ನಲ್ಲ, ಪುನರುಕ್ತಿಗೆ ಅರ್ಥಕೊಡುತ್ತಿದ್ದ ಕಾಲವನ್ನು.

ಹಾಗೆಂದು ಹ್ರಸ್ವತೆಯನ್ನೇ ನಾವು ದೂಷಿಸುತ್ತಿಲ್ಲ. ನಮ್ಮ ಸಂಗೀತವಿದ್ವಾಂಸರೂ ಹಿಂದೆ ಗ್ರಾಮಫೋನ್ ತಟ್ಟೆಯ ಮೂರು ಮೂರೂವರೆ ನಿಮಿಷಗಳಿಗೆ ತಮ್ಮ ಗಾನವನ್ನು ಇಳಿಸಬೇಕಾಗಿದ್ದಿತು. ಅವರು ಗಂಟೆಯ ಹಾಡಿಕೆಯನ್ನು ಕಡಿದು ಕೊಡಲಿಲ್ಲ. ಚಿಕ್ಕ ಪಾತ್ರೆಗೆ ತಕ್ಕಂತೆ ಹೊಸದಾಗಿ ಅಡಿಗೆ ಮಾಡಿದರು. 1968ರಲ್ಲಿ ಪೋರ್ಟೊ ರಿಕೊ ಮೂಲದ ಅಂಧ ಗಾಯಕ ಹೊಸೆ ಫೆಲಿಸಿಯಾನೊ ಇದೇ ಹಾಡನ್ನು ವಿಲಂಬದಲ್ಲಿ, ಮೆಲುದನಿಯಲ್ಲಿ ಹಾಡಿ ಅಮೆರಿಕೆಯ ಪಟ್ಟಿಯ ಮೂರನೆಯ ಸ್ಥಾನವನ್ನು ಗಳಿಸಿದನು. ಅವನದೂ ಚಿಕ್ಕದೇ. ಆದರೆ ಅವನು ಚಿಕ್ಕದೆಂದೇ ಕಲ್ಪಿಸಿಕೊಂಡು ಹಾಡಿದನು. ಗಾಯದ ಗುರುತು ಎಲ್ಲಿಯೂ ಕಾಣದು.

1967ರ ಸೆಪ್ಟೆಂಬರ್ 17ರಂದು ಎಡ್ ಸಲಿವನನ ಟೆಲಿವಿಷನ್ ಕಾರ್ಯಕ್ರಮದಲ್ಲಿ ಹಾಡುವಾಗ, ಮಾದಕದ ಸೂಚನೆಯುಳ್ಳದ್ದೆಂದು ಶಂಕಿಸಲ್ಪಟ್ಟ ಒಂದೇ ಒಂದು ಪದವನ್ನು ಬದಲಿಸಲು ವ್ಯವಸ್ಥಾಪಕರು ಕೇಳಿದರು. ಮಾರಿಸನ್ ಬದಲಿಸದೆಯೇ ಹಾಡಿದನು. ಗೋಷ್ಠಿಗೆ ಆ ವೇದಿಕೆಯು ಮತ್ತೆ ದೊರೆಯಲಿಲ್ಲ. ಈ ಪ್ರಸಂಗವನ್ನು ಅವನ ಅಭಿಮಾನಿಗಳು ಧೀರೋದಾತ್ತವಾಗಿ ವರ್ಣಿಸುವರು. ಒಂದು ಪದಕ್ಕಾಗಿ ಅಷ್ಟು ಹಟವನ್ನು ತೋರಿದ ಗೋಷ್ಠಿಯು, ನಾಲ್ಕು ನಿಮಿಷಗಳ ತನ್ನ ವಾದನವನ್ನು ಕಳೆದುಕೊಂಡುದನ್ನು ಕುರಿತು ಅವರು ಅಷ್ಟಾಗಿ ಮಾತನಾಡುವುದಿಲ್ಲ.

ಆಲ್ಬಮ್ಮಿನ ಮೊದಲ ಪಾರ್ಶ್ವವು ಈ ಹಾಡಿನಿಂದಲೇ ಮುಗಿಯುವುದು. ಕೇಳಬಯಸುವವರು ಅದನ್ನೇ ಹಾಕಿ ಕೇಳಬೇಕು. ಏಳು ನಿಮಿಷಗಳ ಬಿಡುವನ್ನು ಮೊದಲೇ ಮಾಡಿಕೊಂಡು.