ಕಾರ್ಬನ್ ಕಡ್ಡಿಯ ಬೆಳಕು

ಟೂರಿಂಗ್ ಟಾಕೀಸನ್ನು ನೆನೆಯುವವರು ಸಾಮಾನ್ಯವಾಗಿ ಸಿನಿಮಾಗಳ ಹೆಸರು ಹೇಳುತ್ತಾರೆ. ನನಗೆ ನೆನಪಾಗುವುದು ಅಲ್ಲಿನ ಬೆಳಕು.

ಪ್ರೊಜೆಕ್ಟರಿನ ಹಿಂಬದಿಯ ತಗಡಿನ ಗೂಡಿನಲ್ಲಿ ತಾಮ್ರದ ಲೇಪವಿದ್ದ ಎರಡು ಕಾರ್ಬನ್ ಕಡ್ಡಿಗಳು ಎದುರುಬದುರಾಗಿರುತ್ತಿದ್ದವು. ಆಪರೇಟರ್ ಅವುಗಳ ಮೂತಿ ತಾಗಿಸಿ ಚೂರೇ ಚೂರು ಹಿಂದೆ ಸರಿಸಿದರೆ ನಡುವೆ ಕಣ್ಣು ಕುಕ್ಕುವ ಬಿಳಿ ಉರಿ. ಕಡ್ಡಿ ಸವೆದಂತೆ ಸಂದು ಹಿಗ್ಗುತ್ತಿತ್ತು. ಪರದೆಯ ಮೇಲೆ ರಾಜಕುಮಾರ್ ಮುಖ ಮಂಕಾಗುತ್ತಿತ್ತು. ಆಪರೇಟರ್ ಕಪ್ಪು ಗಾಜಿನಲ್ಲಿ ಇಣುಕಿ ತಿರುಪನ್ನು ಒಂದಿಷ್ಟು ತಿರುವಿದರೆ ಮುಖಕ್ಕೆ ಮತ್ತೆ ಕಳೆ. ಆಲೆಮನೆಯ ಕೊಪ್ಪರಿಗೆ ಬುಡದಲ್ಲಿ ಕೂತವನು ಉರಿ ಕಾಯುತ್ತಾನಲ್ಲ, ಹಾಗೆ ಆಟ ಮುಗಿಯುವವರೆಗೂ ಕಾಯಬೇಕು. ಒಂದೇ ಯಂತ್ರವಿದ್ದ ಕಡೆ 2000 ಅಡಿಯ ರೀಲು 22 ನಿಮಿಷಕ್ಕೆ ಮುಗಿದು ದೀಪ ಹೊತ್ತುತ್ತಿತ್ತು. ನಮ್ಮ ಕಡೆಯವರಿಗೆ ಒಂದು ಕವಳ ಹಾಕಲು ಅಷ್ಟು ಹೊತ್ತು ಧಾರಾಳ.

ನಮ್ಮ ಸೋಂದಾ ಸೀಮೆಯ ಮಳೆಗೆ ಟೆಂಟು ನಿಲ್ಲುವ ಮಾತೇ ಇಲ್ಲ. ಅಡಿಕೆಯ ಕೊನೆಕೊಯ್ಲು ಮುಗಿದು ಕೈಯಲ್ಲಿ ನಾಲ್ಕು ಕಾಸು ಓಡಾಡುವ ಬೇಸಿಗೆಯೇ ಅದರ ಕಾಲ. ಎರಡು ವರ್ಷಕ್ಕೊಮ್ಮೆ ಶಿರಸಿಯ ಮಾರಿಜಾತ್ರೆ ಬಂತೆಂದರೆ ನಾಟಕ ಕಂಪನಿ, ಸರ್ಕಸ್ಸುಗಳ ಪೈಪೋಟಿ ಬೇರೆ.

1933ರಲ್ಲಿ ಅಮೆರಿಕದ ಕ್ಯಾಮ್ಡೆನ್‌ನಲ್ಲಿ ಶುರುವಾದ ಡ್ರೈವ್-ಇನ್ ಸಿನಿಮಾ ನಮ್ಮ ಟೆಂಟಿನ ಶ್ರೀಮಂತ ದಾಯಾದಿ. ಅಲ್ಲಿ ಕಾರೊಳಗೆ ಕೂತು ನೋಡುತ್ತಿದ್ದರು, ಇಲ್ಲಿ ನೆಲದ ಮೇಲೆ. ಎರಡೂ ನಡೆಯುತ್ತಿದ್ದುದು ರೀಲನ್ನು ನಂಬಿ. 2013ರಲ್ಲಿ ಫ್ಯೂಜಿ ಕಂಪನಿ ಚಿತ್ರೀಕರಣದ ಮತ್ತು ಪ್ರದರ್ಶನದ ಫಿಲ್ಮ್ ತಯಾರಿಸುವುದನ್ನೇ ಬಿಟ್ಟಿತು. ರೀಲಿನ ಯಂತ್ರವಿದ್ದವರು ಲಕ್ಷಗಟ್ಟಲೆ ಸುರಿದು ಡಿಜಿಟಲ್ ಯಂತ್ರ ತರಬೇಕಾಯಿತು. ಅದೇ ವರ್ಷ ಹೋಂಡಾ ಕಂಪನಿ ಅಮೆರಿಕದ ಕೆಲವು ಡ್ರೈವ್-ಇನ್‌ಗಳಿಗೆ ಯಂತ್ರ ಕೊಡಿಸಿತು. ನಮ್ಮಲ್ಲಿ ಕೊಡಿಸುವವರಿದ್ದರೂ ಯಾರಿಗೆ ಕೊಡಿಸಬೇಕಿತ್ತು? ಬಹುಪಾಲು ಟೆಂಟುಗಳನ್ನು ಟಿವಿ, ವಿಸಿಆರ್‌ಗಳು ಮೊದಲೇ ನುಂಗಿದ್ದವು.

ಡಿಜಿಟಲ್ ಚಿತ್ರ ಚೊಕ್ಕ. ಗೀರಿಲ್ಲ, ರೀಲು ಹರಿಯುವ ಭಯವಿಲ್ಲ. ಅದನ್ನು ಹಳಿಯುವುದು ಬರೀ ಹಠ. ಆದರೂ ಹರಿದ ರೀಲಿಗೆ ಅಂಟು ಹಾಕಿದ ಜಾಗ ಬಂದಾಗ ಕೇಳುವ 'ಟಪ್' ಸದ್ದು, ಅದರ ಬೆನ್ನಿಗೇ ಅರ್ಧಕ್ಕೆ ಹಾರಿಹೋಗುವ ಮಾತು ನನಗೆ ಇಷ್ಟವೇ ಆಗಿತ್ತು. ಹಾರಿದ ಮಾತನ್ನು ಕತೆ ಗೊತ್ತಿದ್ದವರು ಕೂತಲ್ಲಿಂದಲೇ ತುಂಬಿಸಿಕೊಡುತ್ತಿದ್ದರು. ಎರಡನೇ ಆಟ ತಡವಾದರೆ ಆಪರೇಟರ್ ಒಂದು ಹಾಡನ್ನೇ ಹಾರಿಸಿಬಿಡುವುದೂ ಇತ್ತು. ಆಗ ಹಿಂದಕ್ಕೆ ತಿರುಗಿ ಗೂಡಿನತ್ತ ಬೈಗುಳ ಶುರು. ಈಗಿನ ಸಿನಿಮಾ ಬೀಗ ಹಾಕಿದ ಫೈಲು, ಕೀಲಿ ಬರುವುದು ಎಲ್ಲಿಂದಲೋ. ಯಾರನ್ನು ಬೈಯುವುದು?