ಪಿಟ್ಸ್‌ಬರ್ಗ್‌ನ ಕಲ್ಲಿನ ಕೋರ್ಟು

ಹೊಗೆ ಕಾರುವ ಉಕ್ಕಿನ ಊರಿಗೆ ತಕ್ಕ ಕಟ್ಟಡ ಹೇಗಿರಬೇಕು? ಅಮೆರಿಕದ ಪಿಟ್ಸ್‌ಬರ್ಗ್‌ನಲ್ಲಿರುವ ಅಲೆಗೆನಿ ಕೌಂಟಿಯ ನ್ಯಾಯಾಲಯವೇ ಅದಕ್ಕೆ ಉತ್ತರ. 1882ರಲ್ಲಿ ಹಳೆಯ ಕೋರ್ಟು ಬೆಂಕಿಗೆ ಆಹುತಿಯಾದ ಮೇಲೆ ವಾಸ್ತುಶಿಲ್ಪಿ ಹೆನ್ರಿ ಹಾಬ್ಸನ್ ರಿಚರ್ಡ್‌ಸನ್ ಇದನ್ನು ರೂಪಿಸಿದರು. ಒರಟಾಗಿಯೇ ಬಿಟ್ಟ ಗ್ರಾನೈಟ್ ಮುಖ, ಬಾಗಿದ ಭಾರಿ ಕಮಾನುಗಳು. ನುಣುಪು ಮಾಡದ ಕಲ್ಲಿನಲ್ಲೇ ಇಷ್ಟು ಗಾಂಭೀರ್ಯ ಅಡಗಿದೆಯೆಂದು ಕಂಡುಕೊಂಡ ಕಣ್ಣು ಅವರದು. ಎತ್ತರದ ಗೋಪುರವೂ ಬರಿ ಅಲಂಕಾರಕ್ಕಲ್ಲ. ಬೀದಿಯ ಮಸಿಗಿಂತ ಮೇಲಿನ ಶುದ್ಧ ಗಾಳಿಯನ್ನು ಒಳಕ್ಕೆಳೆಯುತ್ತಿದ್ದ ಮೂಗೂ ಅದೇ.

ನನಗೆ ಎಲ್ಲಕ್ಕಿಂತ ಇಷ್ಟ ಒಳಗಿನ ಅಂಗಳ. ನಾಲ್ಕೂ ಕಡೆ ಕಿಟಕಿ ತೆರೆದ ಆ ತೊಟ್ಟಿಯಿಂದ (ನಮ್ಮ ತೊಟ್ಟಿಮನೆ ಬಲ್ಲವರಿಗೆ ಇದರ ಸುಖ ಬಿಡಿಸಿ ಹೇಳಬೇಕಿಲ್ಲ) ಕೋಣೆಕೋಣೆಗೂ ಬೆಳಕು ಹರಿಯುತ್ತದೆ. ಪಕ್ಕದ ಅಂದಿನ ಸೆರೆಮನೆಗೆ ಬೀದಿಯ ಮೇಲಿಂದ ದಾಟುವ ಕಲ್ಲಿನ ಸೇತುವೆಗೆ ವೆನಿಸ್‌ನ ‘ನಿಟ್ಟುಸಿರಿನ ಸೇತುವೆ’ಯೇ ಮಾದರಿ.

ಕಟ್ಟಡ ಮುಗಿದ ಮೇಲೆ ಎದುರಿನ ಗ್ರಾಂಟ್ ಬೀದಿಯ ದಿಣ್ಣೆಯನ್ನು ಕಡಿದು ತಗ್ಗಿಸಿದಾಗ ನೆಲಮಾಳಿಗೆಯೇ ಪ್ರವೇಶದ ಅಂತಸ್ತಾಯಿತು. ಆದರೂ ಕಟ್ಟಡ ಗತ್ತು ಕಳೆದುಕೊಳ್ಳಲಿಲ್ಲ. 1888ರಲ್ಲಿ ಅದು ಪೂರ್ಣಗೊಂಡಾಗ ರಿಚರ್ಡ್‌ಸನ್ ತೀರಿಕೊಂಡು ಎರಡು ವರ್ಷವಾಗಿತ್ತು.