‘ಒಂದು ಬಗೆಯ ಹೂವು’

ಹಳಗನ್ನಡ ಕಾವ್ಯದ ಯಾವ ಪಠ್ಯಪುಸ್ತಕ ತೆರೆದರೂ ಕೊನೆಯ ಪುಟಗಳ ಪದಕೋಶದಲ್ಲಿ ಕೆಲವು ವಿವರಣೆಗಳು ಮತ್ತೆ ಮತ್ತೆ ಎದುರಾಗುತ್ತವೆ: ‘ಒಂದು ಬಗೆಯ ಹೂವು’, ‘ಒಂದು ಜಾತಿಯ ಮರ’, ‘ಒಂದು ವಿಧದ ಹಕ್ಕಿ’. ಸಮಾಸ, ಛಂದಸ್ಸು, ಅಲಂಕಾರಗಳಿಗೆ ಧಾರಾಳವಾಗಿ ಟಿಪ್ಪಣಿ ಬರೆಯುವ ಸಂಪಾದಕರು ಸುರಗಿಯ ಹತ್ತಿರ ಬಂದಾಗ ಎರಡು ಮಾತಿಗೇ ನಿಲ್ಲಿಸಿಬಿಡುತ್ತಾರೆ. ಆ ಹೂವು ಒಣಗಿದ ಮೇಲೂ ಪರಿಮಳ ಕಳೆದುಕೊಳ್ಳುವುದಿಲ್ಲ ಎಂಬ ಸಂಗತಿ ಓದುಗನಿಗೆ ಬೇಕಾಗಿಲ್ಲ ಎಂದು ಅವರು ಭಾವಿಸಿದಂತಿದೆ. ನನಗೆ ಇದು ಸಣ್ಣ ಲೋಪವಾಗಿ ಕಾಣುವುದಿಲ್ಲ. ಕವಿತೆಯೊಳಗಿನ ಮಳೆ, ಮರ, ಹಕ್ಕಿಗಳು ಹೊರಗಿನ ಲೋಕದಲ್ಲಿ ಹೇಗೆ ನಡೆದುಕೊಳ್ಳುತ್ತವೆ ಎಂಬುದು ಆ ಕವಿತೆಯ ಅರ್ಥಕ್ಕೇ ಸೇರಿದ ವಿಷಯ. ಅದನ್ನು ಬಿಟ್ಟು ಓದಿದವರಿಗೆ ದಕ್ಕುವುದು ಅರ್ಧ ಕವಿತೆ.

ಶ್ರಾವಣದ ಆಗಮನವನ್ನು ಸಾರುವ ಬೇಂದ್ರೆಯವರ ಪ್ರಸಿದ್ಧ ಹಾಡನ್ನೇ ನೋಡೋಣ. ಶಾಲೆಯ ಮಕ್ಕಳಿಂದ ಹಿಡಿದು ಸುಗಮ ಸಂಗೀತದ ವೇದಿಕೆಯವರೆಗೆ ಎಲ್ಲರ ಬಾಯಲ್ಲೂ ಇರುವ ಈ ಹಾಡನ್ನು ನಾವು ಹಬ್ಬದ ಹುರುಪಿನ ಪದ್ಯವೆಂದು ಕೇಳಿ ಸುಮ್ಮನಾಗುತ್ತೇವೆ. ಅದರಲ್ಲಿ ಶ್ರಾವಣ ಯಾವ ದಾರಿ ಹಿಡಿದು ಬರುತ್ತದೆ ಎಂಬುದನ್ನು ಗಮನಿಸಬೇಕು. ಪೀಠಿಕೆಯ ಸಾಲುಗಳು ಮುಗಿದೊಡನೆ ಅದು ಕಡಲಿಗೆ ಬರುತ್ತದೆ, ಅಲ್ಲಿ ಗಾಳಿಯದು ರೌದ್ರ ಕುಣಿತ. ಆಮೇಲೆ ಘಟ್ಟ, ಅಲ್ಲಿ ಮುಗಿಲು ಮೇಲೇರಿ ಹಾಡಹಗಲೇ ಸೂರ್ಯ ಕಾಣೆಯಾಗುತ್ತಾನೆ. ನಂತರ ಹೊಳೆಗಳು, ಅದಾದ ಮೇಲೆ ಊರು, ಕೇರಿ, ಮನೆ. ನೈಋತ್ಯ ಮುಂಗಾರು ನಮ್ಮ ನಾಡಿಗೆ ಬರುವುದು ಇದೇ ಕ್ರಮದಲ್ಲಿ. ಅರಬ್ಬಿ ಸಮುದ್ರದಿಂದ ತೇವ ಹೊತ್ತು ಬಂದ ಗಾಳಿ ಸಹ್ಯಾದ್ರಿಗೆ ತಡೆದು ಮೇಲೇರುತ್ತದೆ, ಏರಿದಂತೆ ತಣ್ಣಗಾಗಿ ಹೊತ್ತದ್ದರ ಬಹುಪಾಲನ್ನು ಅಲ್ಲಿಯೇ ಸುರಿಸುತ್ತದೆ, ಉಳಿದದ್ದನ್ನು ಹೊತ್ತು ಪೂರ್ವದ ಬಯಲಿಗೆ ಇಳಿಯುತ್ತದೆ. ಹಾಡಿನ ಕಟ್ಟೋಣವೇ ಈ ಮಾರುತದ ನಡೆಯನ್ನು ಹಿಡಿದಿದೆ. ಕಡಲಿನ ಬಳಿ ಭಯಂಕರವಾಗಿದ್ದದ್ದು ಮನೆಗೆ ಬರುವಷ್ಟರಲ್ಲಿ ಮಂಗಳವಾಗುವುದು ಕವಿಯ ಬರಿಯ ಭಾವಪರಿವರ್ತನೆಯಲ್ಲ, ಮಳೆಯೇ ಹಾಗೆ ಮೆತ್ತಗಾಗುತ್ತ ಬರುತ್ತದೆ. ಧಾರವಾಡ ಇರುವುದು ಮಲೆನಾಡು ಮುಗಿದು ಬಯಲುಸೀಮೆ ಶುರುವಾಗುವ ಅಂಚಿನಲ್ಲಿ. ಆಗುಂಬೆಯಲ್ಲಿ ವರ್ಷಕ್ಕೆ ಸರಾಸರಿ 7,000 ಮಿಲಿಮೀಟರಿಗೂ ಹೆಚ್ಚು ಮಳೆ ಬಿದ್ದರೆ ಧಾರವಾಡದ ಸರಾಸರಿ 1,000 ಮಿಲಿಮೀಟರನ್ನೂ ಮುಟ್ಟುವುದಿಲ್ಲ. ಅಲ್ಲಿನ ಶ್ರಾವಣವೆಂದರೆ ಜಿಟಿಜಿಟಿ ಹನಿ, ಓಡುವ ಮೋಡ, ನಡುನಡುವೆ ಇಣುಕುವ ಬಿಸಿಲು. ಇದೇ ಹಾಡಿನಲ್ಲಿ ಗುಡ್ಡಗಳು ಅಭ್ಯಂಗ ಮಾಡಿಸಿಕೊಳ್ಳುವ ಸ್ಥಾವರ ಲಿಂಗಗಳಂತೆ ಕಾಣುತ್ತವೆ. ಬಯಲಿನ ನಡುವೆ ಒಂದೊಂದಾಗಿ, ದುಂಡಗೆ, ಮರ ಕಡಿಮೆ ಇರುವ ಗುಡ್ಡಗಳನ್ನು ಕಂಡ ಕಣ್ಣಿಗಷ್ಟೇ ಹೊಳೆಯುವ ಚಿತ್ರವಿದು. ಕುಪ್ಪಳಿಯ ಸುತ್ತಿನಲ್ಲಿ, ಬೆಟ್ಟದ ಹಿಂದೆ ಬೆಟ್ಟ ಸಾಲುಗಟ್ಟಿ ಕಾಡಿನಲ್ಲಿ ಮುಚ್ಚಿಹೋಗಿರುವಲ್ಲಿ, ಗುಡ್ಡ ಲಿಂಗವಾಗುವುದಿಲ್ಲ. ಅಲ್ಲಿ ಕುವೆಂಪು ಅವರಿಗೆ ಮಲೆಗಳು ಅಲೆಗಳಾಗಿ ಕಂಡದ್ದು ಸಹಜ. ಒಂದೇ ಮಾರುತದ ಮಳೆ, ಎರಡು ನೆಲ, ಆದ್ದರಿಂದ ಎರಡು ಬಗೆಯ ಕಾವ್ಯ.

ಇದಕ್ಕೆ ಬಲ್ಲವರು ಎತ್ತುವ ಮೊದಲ ಆಕ್ಷೇಪ ಗಟ್ಟಿಯಾದದ್ದು. ಬೇಂದ್ರೆ, ಕುವೆಂಪು ಹೊಸಕಾಲದವರು, ಕಣ್ಣಾರೆ ಕಂಡದ್ದನ್ನು ಬರೆದರು. ಹಳೆಯ ಕಾವ್ಯದಲ್ಲಿ ಇರುವುದು ಕವಿಸಮಯ ತಾನೆ? ಹಂಸ ಹಾಲನ್ನೂ ನೀರನ್ನೂ ಬೇರೆ ಮಾಡುತ್ತದೆ, ಚಕೋರ ಬೆಳದಿಂಗಳು ಕುಡಿಯುತ್ತದೆ, ಚಾತಕ ಮಳೆಹನಿಯನ್ನಲ್ಲದೆ ಬೇರೆ ನೀರು ಮುಟ್ಟುವುದಿಲ್ಲ. ಹದಿನೆಂಟು ವರ್ಣನೆಗಳ ಪಟ್ಟಿ ಹಿಡಿದು ಬರೆದ ಕಾವ್ಯಕ್ಕೆ ಪಕ್ಷಿಶಾಸ್ತ್ರ ಏನು ಮಾಡೀತು? ಉತ್ತರವನ್ನು ಕಾವ್ಯಶಾಸ್ತ್ರದ ಒಳಗಿಂದಲೇ ಕೊಡಬಹುದು. ಸುಮಾರು ಹತ್ತನೆಯ ಶತಮಾನದ ಆರಂಭದ ರಾಜಶೇಖರ ತನ್ನ ‘ಕಾವ್ಯಮೀಮಾಂಸೆ’ಯಲ್ಲಿ ಕವಿಸಮಯವನ್ನು ಸುಳ್ಳಿನ ಸಂಪ್ರದಾಯವೆಂದು ತಳ್ಳಿಹಾಕುವುದಿಲ್ಲ. ಹಿಂದಿನ ವಿದ್ವಾಂಸರು ಓದಿ, ನಾಡುನಾಡು ಸುತ್ತಿ ತಿಳಿದು ಬರೆದ ಸಂಗತಿಗಳು ದೇಶಕಾಲ ಬದಲಾದ ಮೇಲೂ ಹಾಗೆಯೇ ಬಳಕೆಯಲ್ಲಿ ಉಳಿದಾಗ ಕವಿಸಮಯವಾಗುತ್ತವೆ ಎಂಬುದು ಅವನ ವಿವರಣೆ. ಅಷ್ಟಕ್ಕೇ ಬಿಡದೆ ಕವಿ ತಿಳಿದಿರಬೇಕಾದ ದೇಶವಿಭಾಗಕ್ಕೆ ಒಂದು ಅಧ್ಯಾಯ, ಕಾಲವಿಭಾಗಕ್ಕೆ ಇನ್ನೊಂದು ಅಧ್ಯಾಯ ಮೀಸಲಿಟ್ಟಿದ್ದಾನೆ. ಯಾವ ದಿಕ್ಕಿನಲ್ಲಿ ಏನು ಬೆಳೆಯುತ್ತದೆ, ಯಾವ ಋತುವಿನಲ್ಲಿ ಯಾವ ಗಾಳಿ ಬೀಸುತ್ತದೆ ಎಂಬುದು ಅವನ ಪಾಲಿಗೆ ಕವಿಶಿಕ್ಷಣದ ಪಾಠ.

ಅವನ ಮಾತು ಎಷ್ಟು ನಿಜವೆಂಬುದನ್ನು ಹಂಸದಲ್ಲೇ ಪರೀಕ್ಷಿಸಬಹುದು. ಕಾವ್ಯದ ಹಂಸವನ್ನು ಪಟ್ಟೆತಲೆಯ ಹೆಬ್ಬಾತು ಎಂದು ಹಲವು ವಿದ್ವಾಂಸರು ಗುರುತಿಸಿದ್ದಾರೆ. ಗದಗ ಜಿಲ್ಲೆಯ ಮಾಗಡಿ ಕೆರೆಗೆ, 2024ರಲ್ಲಿ ರಾಮ್ಸಾರ್ ಪಟ್ಟಿಗೆ ಸೇರಿದ ಆ ಕೆರೆಗೆ, ಚಳಿಗಾಲದಲ್ಲಿ ಹಿಂಡುಗಟ್ಟಿ ಬರುವುದು ಇದೇ ಹಕ್ಕಿ. ಬೇಸಗೆ ಬಲಿಯುವ ಮುನ್ನ ಅದು ಹೊರಟುಹೋಗುತ್ತದೆ. ಹಿಮಾಲಯವನ್ನು ದಾಟಿ ಟಿಬೆಟ್, ಮಂಗೋಲಿಯಾಗಳ ಎತ್ತರದ ಸರೋವರಗಳ ಬಳಿ ಮರಿ ಮಾಡುತ್ತದೆ. ಮಳೆಗಾಲದಲ್ಲಿ ಹಂಸಗಳು ಮಾನಸ ಸರೋವರಕ್ಕೆ ಹೋಗುತ್ತವೆ ಎಂಬ ಕವಿಸಮಯವನ್ನು ಇದರ ಪಕ್ಕದಲ್ಲಿಟ್ಟು ನೋಡಿ. ತಿಂಗಳ ಲೆಕ್ಕದಲ್ಲಿ ಕವಿಗಳು ತುಸು ಆಚೀಚೆ ಹೋಗಿದ್ದಾರೆ, ದಿಕ್ಕು ಮಾತ್ರ ತಪ್ಪಿಲ್ಲ. ಮಳೆಗಾಲದ ಕೆರೆಯಲ್ಲಿ ಆ ಹಕ್ಕಿ ಇಲ್ಲದಿರುವುದನ್ನು ಯಾರೋ ಗಮನಿಸಿದ್ದರು, ಅದು ಹೋದ ಕಡೆಯನ್ನೂ ಯಾರೋ ಬಲ್ಲವರಾಗಿದ್ದರು. ಹಾಲು-ನೀರಿನ ಮಾತು ಕಲ್ಪನೆಯೇ, ಅದನ್ನು ಉಳಿಸಿಕೊಳ್ಳಲು ನಾನು ಹಟ ಮಾಡುವುದಿಲ್ಲ. ಚಾತಕದ್ದೂ ಹೀಗೆಯೇ. ಮಳೆಹನಿಗಾಗಿ ಬಾಯಿ ತೆರೆದು ಕಾಯುವುದು ಕಟ್ಟುಕತೆಯಾದರೂ ಆ ಹಕ್ಕಿಯ ಒಂದು ಬಳಗ ಮುಂಗಾರಿನ ಗಾಳಿಯೊಡನೆ ಆಫ್ರಿಕದಿಂದ ಉತ್ತರ ಭಾರತಕ್ಕೆ ಬಂದಿಳಿಯುವುದು ದಿಟ. ದಕ್ಷಿಣದಲ್ಲಿ ವರ್ಷವಿಡೀ ಇಲ್ಲೇ ಉಳಿಯುವ ಬಳಗವೂ ಇದೆ. ಹಾಗಾಗಿ ಉತ್ತರದ ಕವಿಗೆ ಮಳೆಯ ಮುನ್ಸೂಚನೆಯಾಗಿದ್ದ ಹಕ್ಕಿ ಕನ್ನಡ ಕವಿಯ ಕೈಗೆ ಬರುವಾಗ ಬಹುಮಟ್ಟಿಗೆ ಪುಸ್ತಕದ ಹಕ್ಕಿಯಾಗಿರುತ್ತದೆ. ಕವಿ ಎಲ್ಲಿ ಕಂಡು ಬರೆದಿದ್ದಾನೆ, ಎಲ್ಲಿ ಕೇಳಿ ಬರೆದಿದ್ದಾನೆ ಎಂದು ಬೇರ್ಪಡಿಸಲು ಇಂಥ ತಿಳಿವಳಿಕೆ ಇಲ್ಲದೆ ಆಗದು.

ಹಾಗಾದರೆ ‘ಶ್ರೀರಾಮಾಯಣ ದರ್ಶನಂ’ ಬರೆದವರ ಮೇಲೆ ಭೂಗೋಳದ ತಪ್ಪು ಹೊರಿಸಬೇಕೇ ಎಂದು ಯಾರಾದರೂ ಕೇಳಬಹುದು. ಕಿಷ್ಕಿಂಧೆಯೆಂದು ಜನ ನಂಬಿರುವ ಹಂಪೆಯ ಸುತ್ತಲಿನದು ಬಂಡೆಗಳ ಒಣ ಸೀಮೆ. ಕುವೆಂಪು ಅವರ ಮಹಾಕಾವ್ಯದ ಕಾಡು, ಮಳೆ, ಜೀರುಂಡೆಯ ಸದ್ದು ಎಲ್ಲವೂ ಸಹ್ಯಾದ್ರಿಯವು. ನಾನು ಕೇಳುತ್ತಿರುವುದು ನಕಾಶೆಯ ನಿಖರತೆಯನ್ನಲ್ಲ. ತಾನು ಬಲ್ಲ ಕಾಡನ್ನು ಕಥೆಗೆ ಕೊಡುವುದು ಕವಿಯ ಹಕ್ಕು, ಬಲ್ಲದ್ದು ಯಾವುದೂ ಇಲ್ಲದೆ ಪಟ್ಟಿಯ ಮರಗಳನ್ನು ನೆಡುವುದು ಬೇರೆ ಮಾತು. ಆ ಕಾವ್ಯದ ಮಳೆಗಾಲ ಮಲೆನಾಡಿನದು ಎಂದು ತಿಳಿದ ಓದುಗನಿಗೆ ಸೀತೆಯನ್ನು ಕಳೆದುಕೊಂಡು ಮಳೆ ನಿಲ್ಲಲೆಂದು ಕಾಯುವ ರಾಮನ ಸಂಕಟ ಬೇರೆಯೇ ತೂಕ ಪಡೆಯುತ್ತದೆ. ಒಣ ಸೀಮೆಯ ಮಳೆಗಾಲದಲ್ಲಿ ದಾರಿಗಳು ಅಷ್ಟು ಕಾಲ ಮುಚ್ಚಿಹೋಗುವುದಿಲ್ಲ. ತಿಂಗಳುಗಟ್ಟಲೆ ಬಿಸಿಲು ಕಾಣದೆ, ಹಳ್ಳಗಳು ಉಕ್ಕಿ ಮನೆಮನೆಗೆ ಸಂಪರ್ಕ ಕಡಿದುಹೋಗುತ್ತಿದ್ದ ನಾಡಿನ ಕವಿಗೆ ಆ ಕಾಯುವಿಕೆಯ ಒಳಗು ಗೊತ್ತಿತ್ತು.

ಇನ್ನೊಂದು ಆಕ್ಷೇಪವಿದೆ, ಇದು ಹೆಚ್ಚು ಸೂಕ್ಷ್ಮ. ದೊಡ್ಡ ಕಾವ್ಯ ನೆಲ ದಾಟಿ ಮುಟ್ಟುತ್ತದೆ. 1791ರಲ್ಲಿ ಗೆಯಟೆ ಶಾಕುಂತಲವನ್ನು ಓದಿ ಕೊಂಡಾಡಿದಾಗ ಅವನು ಮಾಲಿನೀ ತೀರದ ಒಂದು ಬಳ್ಳಿಯನ್ನೂ ಕಂಡವನಲ್ಲ, ಓದಿದ್ದೂ ಜರ್ಮನ್ ಅನುವಾದವನ್ನು. ಒಪ್ಪುತ್ತೇನೆ. ತಿಳಿವಳಿಕೆ ಇಲ್ಲದವನಿಗೆ ಕಾವ್ಯ ಬಾಗಿಲು ಮುಚ್ಚುತ್ತದೆ ಎಂದು ನಾನು ಹೇಳುತ್ತಿಲ್ಲ. ತಿಳಿದವನಿಗೆ ಅದು ಇನ್ನಷ್ಟು ಒಳಗೆ ಬಿಡುತ್ತದೆ ಎನ್ನುತ್ತಿದ್ದೇನೆ. ಪಂಪನ ಬನವಾಸಿಯ ಪದ್ಯಗಳು ಇದಕ್ಕೆ ನಿದರ್ಶನ. ಅವುಗಳ ಹಂಬಲ ಯಾರಿಗೂ ಅರ್ಥವಾಗುತ್ತದೆ. ಮಾವು, ಸಂಪಿಗೆ, ಕೋಗಿಲೆ, ದುಂಬಿ, ತೆಂಕಣ ಗಾಳಿ ಇವೆಲ್ಲ ಸಂಸ್ಕೃತ ಕಾವ್ಯದ ವಸಂತದಲ್ಲೂ ಇವೆ, ಆದ್ದರಿಂದ ವರ್ಣನೆ ಸಾಂಪ್ರದಾಯಿಕ ಎಂದು ತೀರ್ಪು ಕೊಡುವುದು ಸುಲಭ. ಆದರೆ ಆ ಸಾಲಿನಲ್ಲಿ ಮಾಮರದ ಪಕ್ಕದಲ್ಲೇ ಚಿಗುರಿದ ಎಲೆಬಳ್ಳಿ ಬರುತ್ತದೆ. ವೀಳ್ಯದೆಲೆಯ ಬಳ್ಳಿಗೆ ನೆರಳು ಬೇಕು, ಆರದ ತೇವ ಬೇಕು, ಹಬ್ಬಲು ಆಸರೆ ಬೇಕು, ದಿನವೂ ಆರೈಕೆ ಬೇಕು. ವರದಾ ನದಿಯ ದಂಡೆಯ, ಶಿರಸಿ ಸೀಮೆಯ ತೋಟಗಳಲ್ಲಿ ಅಡಿಕೆ ಮರಕ್ಕೆ ಅದನ್ನು ಹಬ್ಬಿಸುವುದು ಇಂದಿಗೂ ರೂಢಿ. ಪಂಪ 941ರ ಹೊತ್ತಿಗೆ ಈ ಪದ್ಯಗಳಿರುವ ಕಾವ್ಯ ಬರೆದದ್ದು ಅರಿಕೇಸರಿಯ ಆಶ್ರಯದಲ್ಲಿ. ಅವನ ರಾಜಧಾನಿ ವೇಮುಲವಾಡ ಇಂದಿನ ತೆಲಂಗಾಣದ ಬಿಸಿಲ ಬಯಲಿನಲ್ಲಿದೆ. ಇಷ್ಟು ತಿಳಿದ ಮೇಲೆ ಎಲೆಬಳ್ಳಿ ಪಟ್ಟಿಯ ಒಂದು ಗಿಡವಾಗಿ ಉಳಿಯುವುದಿಲ್ಲ. ಮನುಷ್ಯರು ಕೈಯಾರೆ ಬೆಳೆಸಿದ ತಂಪು ತೋಟವೊಂದು, ಅದು ಸಿಗದ ಕಡೆಯಲ್ಲಿ ಕುಳಿತವನ ನೆನಪಾಗಿ, ಪದ್ಯದೊಳಗೆ ಬಂದು ನಿಲ್ಲುತ್ತದೆ. ಅರ್ಜುನನ ಬಾಯಲ್ಲಿ ಈ ಮಾತು ಬಂದರೂ ಆಡುತ್ತಿರುವವನು ಪಂಪನೇ ಎಂದು ಓದುಗರಿಗೆ ಮೊದಲಿನಿಂದಲೂ ಅನ್ನಿಸುತ್ತ ಬಂದಿರುವುದಕ್ಕೆ ಇಂಥ ವಿವರಗಳೂ ಕಾರಣ.

ನಗರದಲ್ಲಿ ಬೆಳೆದ ಓದುಗನ ತಲೆಗೆ ಇದು ಹೊಸ ಹೊರೆ ಎನ್ನುವವರಿಗೆ ನನ್ನ ಉತ್ತರ ಚಿಕ್ಕದು. ಛಂದಸ್ಸಿನ ಗಣವನ್ನು ಕಲಿಸುವ ನಾವು ಮಲ್ಲಿಗೆಯ ತಿಂಗಳನ್ನೂ ಕಲಿಸಬಹುದು, ಎರಡನೆಯದು ಹೆಚ್ಚು ಸುಲಭ. ಆರಿದ್ರೆ, ಪುಷ್ಯ, ಆಶ್ಲೇಷ, ಮಘೆ ಎಂದು ಹದಿಮೂರು ಹದಿನಾಲ್ಕು ದಿನಕ್ಕೊಂದು ಮಳೆಯನ್ನು ಹೆಸರಿಟ್ಟು ಕರೆದು, ಒಂದೊಂದಕ್ಕೂ ಗಾದೆ ಕಟ್ಟಿದ ರೈತರ ಭಾಷೆಯಿದು. ಸಸ್ಯಶಾಸ್ತ್ರವನ್ನೂ ಸಾಹಿತ್ಯವನ್ನೂ ಒಂದೇ ಮನಸ್ಸಿನಲ್ಲಿ ಹೊತ್ತ ಬಿ.ಜಿ.ಎಲ್. ಸ್ವಾಮಿಯವರ ‘ಹಸುರು ಹೊನ್ನು’ ಕೃತಿಗೆ 1978ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ಬಂತು. ಓದುಗರು ಅದನ್ನು ಪ್ರೀತಿಯಿಂದ ಓದಿದರು, ಕಾವ್ಯ ಸಂಪಾದನೆಯ ಕೆಲಸ ಮಾತ್ರ ಅದರಿಂದ ಏನನ್ನೂ ಕಲಿಯಲಿಲ್ಲ. ವಿಶ್ವವಿದ್ಯಾಲಯಗಳಲ್ಲಿ ಕನ್ನಡ ವಿಭಾಗ, ಸಸ್ಯಶಾಸ್ತ್ರ ವಿಭಾಗ ಎರಡೂ ಇರುತ್ತವೆ. ಮುಂದೆ ಅಚ್ಚಾಗುವ ಪಂಪನ ಪಠ್ಯದಲ್ಲಿ, ಹರಿಹರನ ‘ಪುಷ್ಪರಗಳೆ’ಯ ಪಠ್ಯದಲ್ಲಿ, ಪ್ರತಿ ಹೂವಿನ ಮುಂದೆ ಅದರ ಇಂದಿನ ಬಳಕೆಯ ಹೆಸರು, ಅರಳುವ ಕಾಲ, ಬೆಳೆಯುವ ನೆಲ ಇಷ್ಟನ್ನು ಅಚ್ಚು ಹಾಕಲು ಪ್ರತಿ ಪದಕ್ಕೆ ಒಂದು ಸಾಲು ಹೆಚ್ಚು ಸಾಕು.